ಬುಗುರಿಯ ಮನೆಗೆ ನಂಬರು

ನನ್ನ ಗಂಡನ ಒಬ್ಬಳೇ ತಂಗಿಗೆ ಊರವರು ಇಟ್ಟ ಹೆಸರು ಬುಗುರಿ. ಅವಳು ಕೂತು ಉಂಡದ್ದನ್ನು ನಾನು ಕಂಡಿಲ್ಲ. ತಟ್ಟೆ ಹಿಡಿದು ಒಲೆಗೂ ಬಾಗಿಲಿಗೂ ಓಡಾಡುತ್ತಲೇ ಉಣ್ಣುತ್ತಾಳೆ. ಊರ ಕಚೇರಿಯಲ್ಲಿ ಕಸ ಗುಡಿಸುವುದು, ಮನೆ ಮನೆಗೆ ನೋಟಿಸು ಮುಟ್ಟಿಸುವುದು, ಸಭೆಗೆ ಜನರನ್ನು ಕೂಗಿ ಕರೆಯುವುದು ಅವಳ ಕೆಲಸ. ಯಾವ ಮನೆಯ ನಾಯಿ ಕಚ್ಚುತ್ತದೆ, ಯಾವ ಅಜ್ಜನಿಗೆ ಯಾವ ಕಿವಿ ಕೇಳುತ್ತದೆ, ಎಲ್ಲ ಗೊತ್ತು.

ಗಂಡ ತೀರಿಕೊಂಡ ಮೇಲೆ ಮೈದುನಂದಿರು ಅವಳನ್ನು ಹೊರಗೆ ಹಾಕಿದರು. ನಮ್ಮಲ್ಲಿಗೆ ಬಂದಳು. ನಾವು ಒಂದು ಕೆಟ್ಟ ಮಾತೂ ಆಡಲಿಲ್ಲ, ಆದರೂ ಅವಳ ಬಟ್ಟೆ ಟ್ರಂಕಿನಿಂದ ಗೂಟಕ್ಕೆ ಬರಲೇ ಇಲ್ಲ. ಹೋದ ವರ್ಷ ಜಿಲ್ಲಾ ಕಚೇರಿಯಿಂದ ಅವಳಿಗೆ ಒಂದು ಕೋಣೆಯ ಮನೆ ಮಂಜೂರಾಯಿತು, ನಮ್ಮ ಬೀದಿಯ ಕೊನೆಯಲ್ಲಿ. ಟ್ರಂಕು ಅಲ್ಲಿ ಖಾಲಿಯಾಯಿತು.

ಈ ಸಲ ಜನಗಣತಿಗೆ ಪಕ್ಕದೂರಿನ ಮೇಷ್ಟ್ರು ಬಂದರು. ದಾರಿ ತೋರಿಸಲು ಊರ ಕಚೇರಿಯವರು ಬುಗುರಿಯನ್ನು ಜೊತೆ ಮಾಡಿದರು. ಜನ ಇರುವ ಮನೆಯ ಬಾಗಿಲಿಗೆ ಸೀಮೆಸುಣ್ಣದ ನಂಬರು, ಇಲ್ಲದ ಮನೆಗೆ ಅಡ್ಡಗೀಟು. ಸರ್ಕಾರ ಕೊಟ್ಟ ಮನೆಗೆ ಗೀಟು ಬಿದ್ದರೆ ಅದನ್ನು ಹಿಂದಕ್ಕೆ ಪಡೆದು ಬೇರೆಯವರಿಗೆ ಕೊಡುತ್ತಾರೆ.

ಬೆಳಿಗ್ಗೆ ನಮ್ಮ ಬೀದಿ ಮುಗಿಯುವಾಗ ಮೇಷ್ಟ್ರು ಕೇಳಿದರು, "ಈ ಮನೆ?"

"ಅಯ್ಯೋ, ಅದಕ್ಕೆ ಬೀಗ ಬಿದ್ದಿದೆ. ಒಳಗೆ ಯಾರೂ ಇಲ್ಲ. ಕಾಲು ಹಾಕಿ ಮೇಷ್ಟ್ರೇ, ಮೇಲಿನ ಬೀದಿಯವರು ಹೊಲಕ್ಕೆ ಹೊರಟುಬಿಡ್ತಾರೆ!" ಎಂದು ಬುಗುರಿ ಅವಸರ ಮಾಡಿದಳು.

ಸಂಜೆ ಬಾಗಿಲು ತೆಗೆಯಲು ಹೋದವಳು ಹಾಗೇ ನಮ್ಮ ಮನೆಗೆ ಓಡಿ ಬಂದಳು.

"ಅತ್ತಿಗೆ, ನನ್ನ ಮನೆಗೆ ಗೀಟು ಹಾಕಿಸಿಬಿಟ್ಟೆ!"

"ಯಾರೂ ಇಲ್ಲ ಅಂತ ಹೇಳಿದ್ದು ಯಾರೇ?"

"ನಾನೇ ಹೇಳ್ದೆ. ಅವರಿವರ ಮನೆ ಧ್ಯಾನದಲ್ಲಿ ಅದು ನನ್ನದು ಅನ್ನೋದೇ ತಲೆಗೆ ಬರಲಿಲ್ಲ."

ನನಗೆ ನಗು ಬಂತು. ಅವಳ ಮುಖ ನೋಡಿ ನುಂಗಿಕೊಂಡೆ.

ಮೇಷ್ಟ್ರ ಹತ್ತಿರ ಹೋಗಿ ಬೇಡಿಕೊಂಡಳು. ಅವರು ಹೇಳಿದರು: "ನಾಳೆ ಕೊನೇ ದಿನ. ಹಳ್ಳದಾಚೆ ಮನೆಗಳನ್ನ ಮುಗಿಸಿ ಬರ್ತೀನಿ. ಮನೆ ಬಾಗಿಲಲ್ಲೇ ನಿಮ್ಮನ್ನ ನೋಡಿ ಬರೀಬೇಕು, ಅದು ನಿಯಮ. ಎಲ್ಲೂ ಹೋಗಬೇಡಿ."

ಮರುದಿನ ಅವಳನ್ನು ಕೂರಿಸಲು ನಾನೇ ಹೋದೆ. ಉರಿಯುವ ಒಲೆಯನ್ನು ಕೆದಕಿದಳು, ಗುಡಿಸಿದ ನೆಲವನ್ನು ಗುಡಿಸಿದಳು, ಹೊಸಿಲಿಗೆ ಬಂದು ಬೀದಿ ನೋಡಿದಳು.

"ಕೂತ್ಕೊಳ್ಳೇ, ನನಗೆ ತಲೆ ಸುತ್ತುತ್ತೆ."

"ನೀವು ಕೂತಿದ್ದೀರಲ್ಲ, ಸಾಕು."

ಮಧ್ಯಾಹ್ನ ಕುರಿಯವನು ಬಂದು ಸುದ್ದಿ ಹೇಳಿದ. ಮೇಷ್ಟ್ರು ಹಳ್ಳದಾಚೆ ದಾರಿ ತಪ್ಪಿ ಮುಳ್ಳುಪೊದೆಯಲ್ಲಿ ಸುತ್ತುತ್ತಿದ್ದರಂತೆ. ಸಂಜೆ ಕಚೇರಿಯ ಜೀಪು ಆಚೆಯ ರಸ್ತೆಗೇ ಬಂದು ಅವರನ್ನು ಕರೆದುಕೊಂಡು ಹೋಗುತ್ತದಂತೆ.

ಬುಗುರಿ ಹೊರಟೇಬಿಟ್ಟಳು. ನಾನು ಸೆರಗು ಹಿಡಿದೆ. "ಹುಚ್ಚಿ, ನೀನಿಲ್ಲದಾಗ ಅವರು ಇಲ್ಲಿಗೆ ಬಂದ್ರೆ?"

"ಇಲ್ಲಿ ಕೂತ್ರೂ ಅವರು ಬರಲ್ಲ ಅತ್ತಿಗೆ. ಆಚೆಯವರೂ ಲೆಕ್ಕಕ್ಕೆ ಸೇರಲ್ಲ. ಜನ ಇಲ್ಲ ಅಂತ ಅಲ್ಲಿಗೆ ನೀರಿನ ಕೊಳಾಯಿನೂ ಹಾಕಲ್ಲ. ಬಿಡಿ."

ಸೆರಗು ಬಿಟ್ಟೆ. ಒಲೆ ಆರದಂತೆ ಸೌದೆ ನೂಕುತ್ತ ಕೂತೆ. ಬಿಸಿಲು ಗೋಡೆಯಿಂದ ಇಳಿಯಿತು. ಹಳ್ಳದ ಕಡೆಯಿಂದ ಜೀಪಿನ ಹಾರ್ನು ಕೇಳಿದಾಗ ಹೊಸಿಲಿಗೆ ಓಡಿ ಬಂದೆ. ಹಾರ್ನು ಒಂದೇ ಸಮನೆ ಬಡಿದುಕೊಳ್ಳುತ್ತಲೇ ಇತ್ತು. ಅಷ್ಟರಲ್ಲಿ ಬೀದಿಯ ತಿರುವಿನಲ್ಲಿ ಇಬ್ಬರು ಕಂಡರು. ಮುಂದೆ ಬುಗುರಿ, ಬಗಲಲ್ಲಿ ಮೇಷ್ಟ್ರ ಚೀಲ. ಹಿಂದೆ ಕುಂಟುತ್ತ ಮೇಷ್ಟ್ರು.

"ಚೀಲ ಕೊಡಿ ಅಕ್ಕ, ಜೀಪು ಹೊರಟುಹೋಗುತ್ತೆ!"

"ಆಚೆಯ ಮನೆಗಳೆಲ್ಲ ಬರೆದಾಯ್ತು, ಇನ್ನು ನನ್ನದೊಂದೇ. ಲೆಕ್ಕದ ಕಾಗದ ಇರೋ ಈ ಚೀಲ ಬಿಟ್ಟು ಜೀಪಿನವನು ಯಾರನ್ನ ಕರ್ಕೊಂಡು ಹೋಗ್ತಾನೆ? ಬನ್ನಿ."

ಹೊಸಿಲಲ್ಲಿ ನಿಂತು ಚೀಲ ಕೊಟ್ಟಳು. ಮೇಷ್ಟ್ರು ಬೆವರು ಒರೆಸಿಕೊಂಡು ರೇಗಿದರು. "ಯಾರೂ ಇಲ್ಲ ಅಂತ ನಿನ್ನೆ ಬಾಯಿ ಬಿಟ್ಟು ಹೇಳಿದವರು ನೀವೇ ತಾನೆ?"

"ಹೇಳಿದವಳೂ ನಾನೇ, ಇರೋವಳೂ ನಾನೇ. ಬರೀರಿ."

ಮೇಷ್ಟ್ರು ಅಂಗೈಯಿಂದ ಗೀಟು ಒರೆಸಿದರು.