ಬಾವಿಯೊಳಗೆ ಉಳಿದ ಹೊಗೆ

ನಾನು ನಿಮ್ಮಷ್ಟೇ ಚಿಕ್ಕವನಿದ್ದಾಗ, ಜೈನಾಪುರದ ನಮ್ಮ ಹೊಲದಲ್ಲಿ ಆಳವಾದ ಒಂದು ಬಾವಿ ಇತ್ತು. ಅದು ಅಪ್ಪನಿಗೂ ಅವನ ತಮ್ಮನಿಗೂ, ಅಂದರೆ ನನ್ನ ಕಾಕಾನಿಗೂ, ಸೇರಿದ್ದು. ನೀರಿನ ಪಾಳಿಗಾಗಿ ಜಗಳವಾಡಿ ಇಬ್ಬರೂ ಮಾತು ಬಿಟ್ಟಿದ್ದರು.

ಅಪ್ಪ ಎತ್ತು ಹೂಡಿ ಚರ್ಮದ ಚೀಲದಲ್ಲಿ ನೀರೆತ್ತುತ್ತಿದ್ದ. ಕಾಕಾ ಡೀಸೆಲ್ ಇಂಜಿನ್ ತಂದ. ಅದು ಶುರುವಾದರೆ ಕಾಲಡಿಯ ನೆಲ ನಡುಗುತ್ತಿತ್ತು. ಬುತ್ತಿಯ ರೊಟ್ಟಿಗೂ ಅದರ ವಾಸನೆ ಹತ್ತುತ್ತಿತ್ತು. ನೀರಿನ ಮೇಲೆ ಎಣ್ಣೆ ಬಣ್ಣಬಣ್ಣವಾಗಿ ಹರಡುತ್ತಿತ್ತು. ಎತ್ತುಗಳು ಮೂಸಿ ನೋಡಿ ಮುಖ ತಿರುಗಿಸುತ್ತಿದ್ದವು.

ಒಂದು ಬೇಸಿಗೆಯಲ್ಲಿ ನೀರು ಬಹಳ ಕೆಳಗಿಳಿಯಿತು. ಮೇಲಿದ್ದ ಇಂಜಿನ್ನಿಗೆ ನೀರು ಎಳೆಯಲಾಗಲಿಲ್ಲ. ಕಾಕಾ ಅದನ್ನು ಬಾವಿಯ ಅರ್ಧಕ್ಕಿದ್ದ ಕಲ್ಲಿನ ಕಟ್ಟೆಯ ಮೇಲೆ ಇಳಿಸಿದ. ಅಪ್ಪ ತಮ್ಮನಿಗೆ ಹೇಳಬೇಕಾದದ್ದನ್ನು ಎತ್ತಿಗೆ ಹೇಳಿದ: "ಕೇಳಿದೇನಲೇ? ಬಾವ್ಯಾಗ ಒಲಿ ಹಚ್ಚ್ಯಾರ. ಹೊಗಿ ಎಲ್ಲಿಗೆ ಹೋಗಬೇಕು?"

ಕಾಕಾ ತನ್ನ ಹೆಂಡತಿಯ, ಅಂದರೆ ನನ್ನ ಕಾಕುವಿನ, ಕಡೆ ತಿರುಗಿದ. "ಎತ್ತಿನ ಕೂಡ ಮಾತಾಡೋರಿಗೆ ಎತ್ತಿನಷ್ಟ ಬುದ್ಧಿ ಇರತೈತಿ. ಹೇಳ ಅವರಿಗೆ."

ನಮ್ಮಲ್ಲಿ ಒಂದು ಪದ್ಧತಿಯಿತ್ತು. ಪಾಲಿನ ಬಾವಿಗೆ ಇಳಿಯುವವನು ಸೊಂಟಕ್ಕೆ ಹಗ್ಗ ಕಟ್ಟಿಕೊಳ್ಳಬೇಕು. ಅದರ ತುದಿಯನ್ನು ಇನ್ನೊಬ್ಬ ಪಾಲುದಾರ ಹಿಡಿಯಬೇಕು. ಅಂದು ಮಧ್ಯಾಹ್ನ ಡೀಸೆಲ್ ತೀರಿ ಇಂಜಿನ್ ನಿಂತಿತು. ಕಾಕಾ ಡಬ್ಬಿ ಹಿಡಿದು ಇಳಿಯಲು ಹೊರಟಾಗ ಅಪ್ಪ ಸುಮ್ಮನೆ ಹಗ್ಗ ಚಾಚಿದ.

"ನನ್ನ ಜೀವಾ ನಿನ್ನ ಕೈಯಾಗ ಕೊಡ್ಲ್ಯಾ? ಸರಿ ಅತ್ತಾಗ," ಎಂದು ಕಾಕಾ ಹಗ್ಗವಿಲ್ಲದೆಯೇ ಇಳಿದುಹೋದ.

ಮೇಲೆ ಬಿಸಿಲು ಸುಡುತ್ತಿತ್ತು. ಒಳಗೆ ನೀಲಿ ಹೊಗೆ ಅಲುಗಾಡದೆ ನಿಂತಿತ್ತು. ಡಬ್ಬಿ ಕಲ್ಲಿಗೆ ಬಡಿದು ಉರುಳಿದ ಸದ್ದು ಕೇಳಿಸಿತು. ಕಾಕು ಗಂಡನನ್ನು ಕೂಗಿದಳು. ಉತ್ತರ ಬರಲಿಲ್ಲ. ಅವಳು ಇಳಿಯಹೋದಳು, ಅಪ್ಪ ರಟ್ಟೆ ಹಿಡಿದು ಹಿಂದಕ್ಕೆಳೆದ. ಬೇವಿನ ದೊಡ್ಡ ಟೊಂಗೆ ಕಡಿದು, ಹಗ್ಗಕ್ಕೆ ಕಟ್ಟಿ, ಬಾವಿಯೊಳಗೆ ಮೇಲೆ ಕೆಳಗೆ ಆಡಿಸತೊಡಗಿದ.

"ಅವರು ಒಳಗ ಸಾಯಾಕತ್ತಾರ, ನೀವು ತಪ್ಪಲಾ ಅಲ್ಲಾಡಿಸಾಕತ್ತೀರಿ! ಸೇಡು ತೀರಿಸ್ಕೋತೀರೇನ್ರಿ, ಬಾವಾರ?" ಕಾಕು ಅಪ್ಪನ ಬೆನ್ನಿಗೆ ಗುದ್ದಿದಳು. ಅಪ್ಪನ ಕೈ ನಿಲ್ಲಲಿಲ್ಲ. ಹೊಗೆ ನಿಧಾನವಾಗಿ ಕದಡಿ ಮೇಲೆ ಬಂತು. ನನ್ನ ಗಂಟಲು ಉರಿಯಿತು, ತಲೆ ತಿರುಗಿತು.

ಆಮೇಲೆ ಅಪ್ಪ ಹಗ್ಗವನ್ನು ತನ್ನ ಸೊಂಟಕ್ಕೆ ಕಟ್ಟಿ, ತುದಿಯನ್ನು ಕಾಕುವಿನ ಕೈಗಿಟ್ಟ. "ಬಿಟ್ಟಿ ಅಂದ್ರ ಇಬ್ಬರೂ ಹೋಗ್ತೀವಿ." ಮುಖಕ್ಕೆ ಒದ್ದೆ ಟವೆಲ್ ಸುತ್ತಿಕೊಂಡು ಇಳಿದ. ಕಾಕುವಿನ ಹಿಂದೆ ನನ್ನ ಅಕ್ಕ, ಅಕ್ಕನ ಹಿಂದೆ ನಾನು ಹಗ್ಗ ಹಿಡಿದೆವು.

ಅಪ್ಪ ತಮ್ಮನನ್ನು ಹೆಗಲ ಮೇಲೆ ಹೊತ್ತು ತಂದ. ನೆರಳಿನಲ್ಲಿ ಮಲಗಿಸಿ ನೀರು ಚಿಮುಕಿಸಿದಾಗ ಕಾಕಾ ವಾಂತಿ ಮಾಡಿಕೊಂಡು ಕಣ್ಣು ತೆರೆದ. ಇನ್ನು ಇಬ್ಬರೂ ಮಾತಾಡುತ್ತಾರೆ ಎಂದು ನಾನು ಕಾಯುತ್ತ ನಿಂತೆ.

"ನಿನ್ನ ಯಾರ್ ಕರದಿದ್ರು?" ಎಂದ ಕಾಕಾ.

ಎರಡು ದಿನಕ್ಕೆ ಇಂಜಿನ್ ಅದೇ ಕಟ್ಟೆಯ ಮೇಲೆ ಮತ್ತೆ ಶುರುವಾಯಿತು. ಮುಂದಿನ ಬೇಸಿಗೆಗೆ ನೀರಿನ ಜೊತೆ ಇಂಜಿನ್ ಇನ್ನೂ ಕೆಳಗಿಳಿಯಿತು. ಕೊನೆಗೆ ಬಾವಿಯೇ ಬತ್ತಿತು.

ಮಕ್ಕಳೇ, ಈಗ ಜಗತ್ತಿನ ಎಲ್ಲ ಊರುಗಳಲ್ಲೂ ಕಲ್ಲಿದ್ದಲು, ಪೆಟ್ರೋಲ್, ಡೀಸೆಲ್ ಉರಿಯುತ್ತಿವೆ. ಅವುಗಳ ಹೊಗೆಯಿಂದಲೇ ಭೂಮಿ ಬಿಸಿಯಾಗುತ್ತಿದೆ ಎಂದು ನಿಮ್ಮ ಪುಸ್ತಕದಲ್ಲಿದೆ. ನೀವೇ ನನಗೆ ಓದಿ ಹೇಳಿದಿರಿ. ಮೊನ್ನೆ ಸ್ಟೇಷನ್ ರಸ್ತೆಯಲ್ಲಿ, ನಿಮ್ಮ ಜೊತೆ ನಾನೂ ಕೂತಿದ್ದ ನಿಮ್ಮ ಶಾಲೆಯ ವ್ಯಾನು ನಿಂತಲ್ಲೇ ಗುರುಗುಡುತ್ತಿತ್ತು. ಇಂಜಿನ್ ಆರಿಸಲು ಹೇಳಿದೆ. "ಏಸಿ ಬಂದ್ ಆಕ್ಕೈತ್ರಿ, ಅಜ್ಜಾರ. ಹೊಗಿ ಹೊರಗ ಹೋಗತೈತಿ, ನಿಮಗೇನ್ರಿ?" ಎಂದು ಡ್ರೈವರ್ ರೇಗಿದ. ನೀವು ನಾಚಿಕೊಂಡು ನನ್ನ ಅಂಗಿ ಜಗ್ಗಿದಿರಿ. ಒಳಗೆ ನಿಜವಾಗಿಯೂ ತಂಪಾಗಿತ್ತು. ಆದರೆ ಮನೆ ಬಂದಾಗ ನೀವು ಇಳಿಯಬೇಕಾದದ್ದು ಹೊಗೆ ಹೋಗಿ ಸೇರುವ ಆ ಹೊರಗಿಗೇ.