ಜರಿಯ ಕಾಲೂ ಡೆಸ್‌ನ ಪಾತ್ರೆಗಳೂ

ಡೆಸ್ ಪ್ರಿಡ್ಮೋರ್‌ನಷ್ಟು ನಾಚಿಕೆಯ ಗಂಡಸು ನಮ್ಮ ಟಾಸ್ಮೇನಿಯಾದ ಆಲೂಗಡ್ಡೆ ಸೀಮೆಯಲ್ಲೇ ಇನ್ನೊಬ್ಬನಿಲ್ಲ. ಹಸುಗಳ ಜೊತೆ ಗಂಟೆಗಟ್ಟಲೆ ಮಾತಾಡುತ್ತಾನೆ. ಹೆಂಗಸರು ಎದುರಾದರೆ ಟೊಪ್ಪಿ ತೆಗೆದು, ಅದರೊಳಗೆ ಏನೋ ಕಳೆದುಹೋದವನಂತೆ ಹುಡುಕುತ್ತಾನೆ. ಅಂಚೆಕಚೇರಿಯ ವಿಧವೆ ಥೆಲ್ಮಾಳ ಮೇಲೆ ಅವನಿಗೆ ಮನಸ್ಸು. ಇದು ಊರಿಗೆಲ್ಲ ಗೊತ್ತು. ಆದರೆ ಅವಳ ಹತ್ತಿರ ಅವನು ಬಾಯಿ ಬಿಡುವ ಜಾಗ ಭೂಮಿಯ ಮೇಲೆ ಒಂದೇ: ಊರ ಹಾಲ್‌ನ ಅಡುಗೆಮನೆಯ ಸಿಂಕು. ಅದೂ ವರ್ಷಕ್ಕೊಂದು ಸಲ.

ಆಲೂಗಡ್ಡೆ ಅಗೆದು ಮುಗಿದ ದಿನ ಹಾಲ್‌ನಲ್ಲಿ ಊರೂಟ. ಪ್ರತಿ ಮನೆಯಿಂದ ಒಂದೊಂದು ಅಡುಗೆ ಬರುತ್ತದೆ. ಕೈಬೀಸಿಕೊಂಡು ಬರುವವರು ಒಂಟಿ ಗಂಡಸರಾದ ಡೆಸ್ ಮತ್ತು ಕ್ಲೆಮ್ ಮಾತ್ರ. ಆದ್ದರಿಂದ ಅವರಲ್ಲೊಬ್ಬ ಪಾತ್ರೆ ತೊಳೆಯಬೇಕು. ಯಾರು ಎಂದು ತೀರ್ಮಾನಿಸುವುದು ಹೊಲದ ಕೊನೆಯ ಸಾಲಿನಲ್ಲಿ ಸಿಗುವ ಮಣ್ಣಿನ ಜರಿಹುಳ. ಅದಕ್ಕಿರುವ ಕಾಲಿನ ಜೋಡಿಗಳು ಸಮವೋ ಬೆಸವೋ ಎಂದು ಊಹಿಸಬೇಕು. ಒಬ್ಬ ಸಮ ಅಂದರೆ ಇನ್ನೊಬ್ಬನಿಗೆ ಬೆಸ, ತಪ್ಪಿದವನು ಸಿಂಕಿಗೆ. ಪಕ್ಕದಲ್ಲಿ ನಿಂತು ಒರೆಸುವುದು ಥೆಲ್ಮಾಳ ಕೆಲಸ.

ಮೊದಲ ವರ್ಷ ಡೆಸ್ ಏನು ಹೇಳಲೆಂದು ತೊದಲುತ್ತಿದ್ದಾಗ ಹಿಂದಿನಿಂದ ಯಾರೋ "ಸಮ ಅನ್ನು" ಎಂದರು. ಅವತ್ತಿನಿಂದ ಅವನು ಸಮವನ್ನು ಬಿಟ್ಟಿಲ್ಲ, ಸೋಲು ಅವನನ್ನು ಬಿಟ್ಟಿಲ್ಲ. ಜರಿಗಳೇನೂ ಒಂದೇ ಥರದವಲ್ಲ. ಒಂದು ವರ್ಷ ಬೆರಳಿನ ಗೆಣ್ಣಿನಷ್ಟುದ್ದದ ಬಿಳಿಚ, ಮೂವತ್ತೊಂಬತ್ತು ಜೋಡಿ. ಇನ್ನೊಂದು ವರ್ಷ ಷೂ ದಾರದಂಥ ಕೆಂಚ, ಎಪ್ಪತ್ತೇಳು. ಕಣ್ಣು ಮಾತ್ರ ಯಾವುದಕ್ಕೂ ಇಲ್ಲ. ಭೂತಗನ್ನಡಿ ಹಿಡಿದು ಎಣಿಸುವವಳು ನಾನು. ನನ್ನ ಕಣ್ಣೂ ಇನ್ನೆಷ್ಟು ದಿನ ಇರುತ್ತವೋ. ಊರು ಡೆಸ್‌ನ ಹಣೆಬರಹವನ್ನು ಹಳಿಯಿತು. ಅವನೋ, ಮದುವೆಮನೆಗೆ ಹೊರಟವನಂತೆ ತೋಳು ಮಡಚಿಕೊಂಡು ಸಿಂಕಿಗೆ ಹೋಗುತ್ತಿದ್ದ.

ಈ ವರ್ಷ ಕ್ಲೆಮ್‌ನ ತಂಗಿಯ ಮಗಳು ಬ್ರಿಯೋನಿ ಬಂದಿದ್ದಳು. ಹುಳಹುಪ್ಪಟೆಯನ್ನೇ ಓದಿಕೊಂಡ ಹುಡುಗಿ. ನಾನು ಐವತ್ತೊಂದು ಎಂದು ಕೂಗಿದಾಗ ಅವಳು ನಕ್ಕು, ಈ ಜಾತಿಯ ಜರಿಗಳಿಗೆ ಸಮ ಜೋಡಿ ಇರುವುದೇ ಇಲ್ಲ, ಯಾವಾಗಲೂ ಬೆಸವೇ ಎಂದಳು.

ಕ್ಲೆಮ್ ಒಳ್ಳೆಯ ಮನುಷ್ಯ. ಇಷ್ಟು ವರ್ಷ ಗೆಳೆಯನಿಗೆ ಮೋಸವಾಯಿತಲ್ಲ ಎಂದು ಪೇಚಾಡಿದ. ಏನಾದರೂ ದಾರಿಯಿದೆಯೇ ಎಂದು ಹುಡುಗಿಯನ್ನು ಕೇಳಿದ. ಅವಳು ಜರಿಯ ತಲೆಯ ಕೆಳಗಿನ ಒಂದು ಜೋಡಿ ವಿಷದ ಕೊಕ್ಕೆಗಳನ್ನು ತೋರಿಸಿ, ಅವೂ ಮೂಲದಲ್ಲಿ ಕಾಲುಗಳೇ, ಕಚ್ಚುವುದಕ್ಕೆಂದು ರೂಪ ಬದಲಿಸಿಕೊಂಡಿವೆ ಎಂದಳು.

"ಹಾಗಾದ್ರೆ ಅವನ್ನೂ ಸೇರಿಸಿ. ಆಗ ಸಮ ಆಯ್ತು," ಎಂದ ಕ್ಲೆಮ್. "ಇಷ್ಟು ವರ್ಷಾನೂ ಗೆದ್ದಿದ್ದು ಡೆಸ್. ಇನ್ಮೇಲೆ ಸಾಯೋತನಕ ಪಾತ್ರೆ ನಂದು."

ಜನ ಚಪ್ಪಾಳೆ ತಟ್ಟಿದರು. ಕ್ಲೆಮ್ ಗೂಟದಿಂದ ಏಪ್ರನ್ ತೆಗೆದೇಬಿಟ್ಟ. ಡೆಸ್ ಟೊಪ್ಪಿಯೊಳಗೆ ಹುಡುಕತೊಡಗಿದ. ಗೆದ್ದ ಮನುಷ್ಯನ ಅಂಥ ಮುಖವನ್ನು ನಾನು ನೋಡಿಲ್ಲ.

ಥೆಲ್ಮಾ ಅಡುಗೆಮನೆಯಿಂದ ಬಂದಳು. ನನ್ನ ಕೈಯಿಂದ ಭೂತಗನ್ನಡಿ ಕಿತ್ತುಕೊಂಡು ಜರಿಯನ್ನು ನೋಡಿದಳು.

"ಕಚ್ಚೋದನ್ನೆಲ್ಲ ಕಾಲು ಅಂದ್ರೆ ನಾಳೆ ನಿನ್ನ ಹಲ್ಲಿಗೂ ಷೂ ಹಾಕ್ಬೇಕಾಗತ್ತೆ, ಕ್ಲೆಮ್. ಕೊಡು ಇಲ್ಲಿ ಏಪ್ರನ್ನು."

ಅದನ್ನು ಡೆಸ್‌ನ ಕುತ್ತಿಗೆಗೆ ಹಾಕಿದಳು. ಪಾಪದವನ ತಲೆಗೆ ಈ ಸಮದ ಹುಚ್ಚು ತುಂಬಿದ್ದು ಯಾರೋ ಎಂದು ಕ್ಲೆಮ್ ಗೊಣಗಿದ.

"ನಾನೇ," ಎಂದಳು ಥೆಲ್ಮಾ, ಡೆಸ್‌ನ ಬೆನ್ನಹಿಂದೆ ಗಂಟು ಬಿಗಿಯುತ್ತ. "ಚಿಕ್ಕವಳಿದ್ದಾಗ ಅಜ್ಜಿ ತೋಟದಲ್ಲಿ ಇವನ್ನೇ ಎಣಿಸ್ತಾ ಕೂತಿರ್ತಿದ್ದೆ. ಒಂದಕ್ಕಾದ್ರೂ ಸಮ ಬಂದಿರ್ಲಿಲ್ಲ."

ಡೆಸ್ ಕಿವಿಯವರೆಗೂ ಕೆಂಪಾದ. ಸಿಂಕು ಇನ್ನೂ ಹತ್ತು ಹೆಜ್ಜೆ ದೂರವಿತ್ತು. ಆದರೂ ಊರಿನವರೆಲ್ಲರ ಎದುರಿಗೇ ಬಾಯಿ ಬಿಟ್ಟ.

"ನಮ್ಮ ಮನೇಲೂ ಒಂದು ಸಿಂಕಿದೆ, ಥೆಲ್ಮಾ."