ಕಾಲು ನೆಲಕ್ಕೆ ತಾಗುವ ಸೈಕಲ್

ನನಗೆ ಸೈಕಲ್ ತುಳಿಯಲು ಬರುವುದಿಲ್ಲ. ಆದರೂ ದಿನಕ್ಕೆ ನಾಲ್ಕಾರು ಸಲ ಬ್ರೇಕ್ ಹಾಕುತ್ತೇನೆ. ಒಲೆಯ ಮುಂದೆ ನಿಂತಾಗ, ಆಫೀಸಿನ ಕುರ್ಚಿಯಲ್ಲಿ ಕೂತಾಗ, ಹೊಸದಾಗಿ ಬಂದಿರುವ ಮೆಟ್ರೋದಲ್ಲಿ ಕಣ್ಣು ಮುಚ್ಚಿದಾಗ, ಇದ್ದಕ್ಕಿದ್ದಂತೆ ನನ್ನ ಎರಡೂ ಪಾದಗಳು ನೆಲವನ್ನು ಬಲವಾಗಿ ಒತ್ತಿಬಿಡುತ್ತವೆ. ಮೊನ್ನೆ ಪಕ್ಕದಲ್ಲಿದ್ದ ಹೆಂಗಸು ತನ್ನ ತರಕಾರಿ ಚೀಲವನ್ನು ಆಚೆ ಎಳೆದುಕೊಂಡಳು. ಟೊಮೆಟೊ ತುಳಿದುಬಿಟ್ಟೇನೆಂಬ ಭಯ, ಪಾಪ. ಮಗಳು ತನ್ವಿಗೆ ಸೈಕಲ್ ಕೊಂಡಾಗಿನಿಂದ ನನಗೆ ಅಂಟಿಕೊಂಡ ಚಾಳಿ ಇದು.

ತನ್ವಿಯ ಅಪ್ಪ ಸೇನೆಯಲ್ಲಿದ್ದಾರೆ. ವರ್ಷಕ್ಕೆರಡು ಬಾರಿ ರಜೆಯಲ್ಲಿ, ದೇಶದ ರಾಜಧಾನಿಯ ಪೀತಮ್‌ಪುರದಲ್ಲಿರುವ ನಮ್ಮ ಬಾಡಿಗೆ ಮನೆಗೆ ಬರುತ್ತಾರೆ. ಬರುವಾಗ ಮಗಳಿಗೊಂದು ಫ್ರಾಕ್ ತರುತ್ತಾರೆ. ಅದು ಪ್ರತಿ ಸಲವೂ ಬಿಗಿ. ಅಂಗಡಿಯಲ್ಲಿ ಅವರ ಕಣ್ಣ ಮುಂದಿರುವುದು ಹಿಂದಿನ ರಜೆಯ ಮಗಳು. ಮನೆಯ ಬಾಗಿಲು ತೆರೆಯುವವಳು ಈ ರಜೆಯ ಮಗಳು. ಒಮ್ಮೆಯಂತೂ ತಲೆ ಹೊರಗೆ ಬರದೆ ಫ್ರಾಕಿನೊಳಗಿಂದಲೇ ಅವಳು "ಥ್ಯಾಂಕ್ಯೂ ಪಪ್ಪಾ" ಎಂದಿದ್ದುಂಟು. ಹಾಗಾಗಿ ಏಳು ತುಂಬಿದ ಹುಟ್ಟುಹಬ್ಬಕ್ಕೆ ಸೈಕಲ್ ಕೊಡಿಸುವ ಮಾತು ಬಂದಾಗ ಅವರು ಮೊದಲೇ ಘೋಷಿಸಿದರು: "ಈ ಸಲ ದೊಡ್ಡದೇ ತಗೊಳ್ಳೋದು."

ಇದರಲ್ಲಿ ಅವರೊಬ್ಬರದೇ ವಿಶೇಷವೇನಿಲ್ಲ. ನಮ್ಮಲ್ಲಿ ಮಕ್ಕಳಿಗೆ ಏನನ್ನೇ ಕೊಂಡರೂ ಮುಂದಿನ ವರ್ಷದ ಮಗುವಿಗೇ ಕೊಳ್ಳುವುದು. ನಾನು ಹೈಸ್ಕೂಲು ಮುಗಿಸುವವರೆಗೂ ಅಂಚು ಒಳಗೆ ಮಡಿಸಿ ಹೊಲಿದ ಲಂಗವನ್ನೇ ಉಟ್ಟವಳು. ಷೂಗಳ ಮೂತಿಯಲ್ಲಿ ಹತ್ತಿ. ಒಂದು ವಸ್ತು ಮೈಗೆ ಸರಿಹೊಂದಿತು ಅನ್ನುವಷ್ಟರಲ್ಲಿ ಅದು ಹರಿದಿರುತ್ತಿತ್ತು. ಕಾಲೇಜಿನಲ್ಲಿ ಇತಿಹಾಸ ಓದುವಾಗ ಹಳೆಯ ಕಾಲದವರು ಗೇಣು, ಮೊಳ, ಮಾರು ಎಂದು ತಮ್ಮ ಮೈಯಿಂದಲೇ ಲೋಕವನ್ನೆಲ್ಲ ಅಳೆದರೆಂದು ಕಲಿತೆ. ಕೇಳಲು ಸೊಗಸು. ಆದರೆ ಹೂವಿನವಳ ಹತ್ತಿರ ಮೊಳ ಅಳೆಯುವುದು ಅವಳ ಕೈ, ಮುಡಿಯುವುದು ನಮ್ಮ ಜಡೆ. ಅಳೆಯುವವರು ಒಬ್ಬರು, ಅನುಭವಿಸುವವರು ಇನ್ನೊಬ್ಬರು. ಸೈಕಲ್ಲಿನದೂ ಅದೇ ಕಥೆ. ಅಂಗಡಿಯಲ್ಲಿ ಚಕ್ರದ ಇಂಚು ಹೇಳುತ್ತಾರೆಯೇ ಹೊರತು ಮಗುವಿನ ಕಾಲಿನ ಉದ್ದವನ್ನು ಯಾರೂ ಕೇಳುವುದಿಲ್ಲ.

ಕರೋಲ್ ಬಾಗಿನ ಅಂಗಡಿಯಲ್ಲಿ ಹದಿನಾರು ಇಂಚಿನದು, ಇಪ್ಪತ್ತು ಇಂಚಿನದು ಅಕ್ಕಪಕ್ಕ ನಿಂತಿದ್ದವು. ಇವರು ನೇರವಾಗಿ ಇಪ್ಪತ್ತರ ಮೇಲೆ ಮಗಳನ್ನು ಎತ್ತಿ ಕೂರಿಸಿದರು. ಕಾಂಪೌಂಡ್ ಗೋಡೆಯ ಮೇಲಿನ ಬೆಕ್ಕಿನ ಮರಿಯ ಹಾಗೆ ಅವಳು ಕೆಳಗೆ ನೋಡಿದಳು. ಹೆಬ್ಬೆರಳಿಗೂ ನೆಲ ಸಿಗುತ್ತಿರಲಿಲ್ಲ.

"ಸೀಟು ಕೆಳಗೆ ಮಾಡಿದ್ರಾಯ್ತು. ಮುಂದಿನ ರಜೆಗೆ ನಾನು ಬರೋಷ್ಟರಲ್ಲಿ ಸರಿಹೋಗುತ್ತೆ" ಎಂದರು ಇವರು. ಅಂಗಡಿಯ ಭಯ್ಯಾ, ಮಕ್ಕಳು ಬೆಳೆಯೋದು ಎಷ್ಟು ಹೊತ್ತು ಸಾಹೇಬ್ರೇ ಎಂದು ಹಿಂದಿಯಲ್ಲಿ ತಾಳ ಹಾಕಿದ. ನಾನೂ ಮನಸ್ಸಿನಲ್ಲೇ ಲಂಗದ ಅಂಚು ಮಡಿಸುತ್ತಾ ತಲೆಯಾಡಿಸಿದೆ. ಮೂವರು ದೊಡ್ಡವರು ಒಂದು ಕಡೆ.

ತನ್ವಿ ಮಾತ್ರ ಇಳಿಸಿ ಎಂದಳು. ಇಳಿದು ಹದಿನಾರರ ಮೇಲೆ ಹತ್ತಿ ಎರಡೂ ಪಾದ ಊರಿ, ಎಮ್ಮೆ ಮೇಲೆ ಕೂತ ಗೌಡರ ಗತ್ತಿನಲ್ಲಿ ಹೇಳಿದಳು: "ಪಪ್ಪಾ, ಅದರಲ್ಲಿ ಪೈರ್ ನಹೀ ಲಗ್ ರಹಾ, ಕಾಲು ತಾಗ್ತಿಲ್ಲ. ನಂಗೆ ಸೈಕಲ್ ಇವತ್ತಿಗೆ ಬೇಕು. ನಾನು ಇವತ್ತು ಇಷ್ಟೇ ಇದೀನಿ."

ಇವರ ಮುಖ ಸ್ವಲ್ಪ ಇಳಿಯಿತು. ಆಗ ನನಗೆ ಹೊಳೆದದ್ದು, ಅವರು ಕೊಳ್ಳಹೊರಟಿದ್ದು ಬರೀ ಸೈಕಲ್ ಅಲ್ಲ, ತಾವು ನೋಡಲಾಗದ ಇನ್ನೊಂದಷ್ಟು ತಿಂಗಳುಗಳನ್ನು ಎಂದು. ಆದರೂ ಅಂಗಡಿಯವನ ಕಡೆ ತಿರುಗಿ, "ಚಲೋ ಭಯ್ಯಾ, ಮೇಡಮ್ಮು ಹೇಳಿದ್ದೇ ಕೊಡಿ" ಎಂದರು.

ರಜೆ ಮುಗಿಯುವ ಹಿಂದಿನ ದಿನದ ಬೆಳಿಗ್ಗೆ. ಎರಡನೇ ಮಹಡಿಯ ಬಾಲ್ಕನಿಯಲ್ಲಿ ನಾನು ಒದ್ದೆ ಬೆಡ್‌ಶೀಟ್ ಹಿಂಡುತ್ತಿದ್ದೆ. ಕೆಳಗೆ ಇವರು ಸೀಟು ಹಿಡಿದು ಮಗಳ ಹಿಂದೆ ಓಡುತ್ತಿದ್ದರು. ಹಾಗೇ ಕೈ ಬಿಟ್ಟರು. ಅವಳು ಬೀಳಲಿಲ್ಲ, ಹೊರಟೇಬಿಟ್ಟಳು. ಗೇಟಿನ ಹತ್ತಿರ ರಸ್ತೆಗಿಳಿಯುವ ಸಣ್ಣ ಇಳಿಜಾರಿದೆ. ಸೈಕಲ್ ವೇಗ ಪಡೆಯಿತು. ಅದೇ ಹೊತ್ತಿಗೆ ಗೋಡೆಯ ಆಚೆಯಿಂದ ನೀರಿನ ಟ್ಯಾಂಕರ್ ರಿವರ್ಸ್‌ನಲ್ಲಿ ಹಿಂದಕ್ಕೆ ಬರುತ್ತಿತ್ತು. ಮೇಲಿದ್ದ ನನಗೆ ಎರಡೂ ಕಾಣುತ್ತಿದ್ದವು; ಕೆಳಗಿದ್ದ ಅವರಿಬ್ಬರಿಗೂ ಟ್ಯಾಂಕರ್ ಕಾಣುತ್ತಿರಲಿಲ್ಲ. ಕೂಗಲು ಬಾಯಿ ತೆರೆದೆ. ಕೂಗುವುದರ ಬದಲು ನನ್ನ ಕಾಲುಗಳು ಬಾಲ್ಕನಿಯ ನೆಲವನ್ನು ಒತ್ತಿದವು.

ಟ್ಯಾಂಕರಿನ ಹಿಂಭಾಗ ಗೇಟಿಗೆ ಅಡ್ಡ ಬಂತು. ತನ್ವಿ ಬ್ರೇಕ್ ಹಿಡಿದಳು, ಎರಡೂ ಪಾದ ನೆಲಕ್ಕೆ ಊರಿದಳು. ಚಪ್ಪಲಿ ಕರಕರ ಉಜ್ಜಿತು. ನಿಂತಳು. ಅವಳ ಮುಂದಿನ ಚಕ್ರವನ್ನು ಸವರಿಕೊಂಡಂತೆ ಟ್ಯಾಂಕರ್ ಹಾಡು ಹಾಕಿಕೊಂಡು ಹಾದುಹೋಯಿತು. ಡ್ರೈವರಿಗೆ ಏನೂ ಗೊತ್ತೇ ಆಗಲಿಲ್ಲ.

ಗಡಿಯಲ್ಲಿ ಹಿಮದ ನಡುವೆ ನಿಂತು ಬಂದ ನನ್ನ ಗಂಡ ಗೇಟಿನ ಕಟ್ಟೆಯ ಮೇಲೆ ಕುಸಿದು ಕೂತರು. ಮಗಳು ಸೈಕಲ್ ತಳ್ಳಿಕೊಂಡು ಹೋಗಿ ಅವರ ತೋಳು ಎಳೆದಳು: "ಪಪ್ಪಾ, ಉಠೋ ನಾ! ನಾನು ನಿಲ್ಲಿಸಿದ್ನಲ್ಲ?" ಆಮೇಲೆ ಮೇಲೆ ನೋಡಿ, "ಅಮ್ಮಾ, ದೇಖಾ? ನಾನೇ ನಿಲ್ಲಿಸಿದ್ದು!"

ನೋಡಿದೆ ಕಂದಾ. ಈಗಲೂ ನೋಡುತ್ತಲೇ ಇದ್ದೇನೆ. ನಡೆದದ್ದು ಮಾತ್ರ ಕಂಡರೆ ತೊಂದರೆಯಿರಲಿಲ್ಲ. ನನ್ನ ಹಾಳು ತಲೆ ಒಮ್ಮೊಮ್ಮೆ ಅವಳನ್ನು ಆ ಇಪ್ಪತ್ತು ಇಂಚಿನ ಸೈಕಲ್ಲಿನ ಮೇಲೆ ಕೂರಿಸುತ್ತದೆ. ಕಾಲುಗಳು ಗಾಳಿಯಲ್ಲಿ ನೆಲ ಹುಡುಕುತ್ತವೆ. ಆಗ ಮೆಟ್ರೋದಲ್ಲಿ ನಾನು ಬ್ರೇಕ್ ಹಾಕುತ್ತೇನೆ. ಅದರ ಬೆನ್ನಿಗೇ ಆ ಅಂಗಡಿ ನೆನಪಾಗುತ್ತದೆ. ಮೂವರು ದೊಡ್ಡವರೆದುರು ಗಟ್ಟಿಯಾಗಿ ಕಾಲೂರಿ, ನಾನು ಇವತ್ತು ಇಷ್ಟೇ ಎಂದ ಹುಡುಗಿ. ಗೇಟಿನ ಬಳಿ ನಿಂತದ್ದಕ್ಕಿಂತ ಅಲ್ಲಿ ನಿಂತದ್ದಕ್ಕೇ ನನಗೆ ಹೆಚ್ಚು ಹೆಮ್ಮೆ. ಎದುರಿನ ಸೀಟಿನವರಿಗೆ ಕಾರಣವಿಲ್ಲದೆ ನಗುತ್ತೇನೆ.

ಈಗ ಅವಳ ಮಂಡಿ ಹ್ಯಾಂಡಲ್ಲಿಗೆ ಬಡಿಯುತ್ತಿದೆ. ಕಪ್ಪೆಯ ಹಾಗೆ ಕಾಲು ಅಗಲಿಸಿ ಓಡಿಸುತ್ತಾಳೆ. ಪಕ್ಕದ ಮನೆಯ ಆಂಟಿ ದೊಡ್ಡದು ಕೊಡಿಸಬಾರದೇ ಎನ್ನುತ್ತಾರೆ. ಕಳೆದ ಭಾನುವಾರ ಇವರ ಫೋನ್ ಬಂದಾಗ ಅದನ್ನೇ ಹೇಳಿದೆ. "ಅಚ್ಛಾ, ಈಗ ಎಷ್ಟೆತ್ತರ ಆಗಿದ್ದಾಳೆ? ಇಲ್ಲಿಂದಲೇ ಹೇಳಿ ಕೊಡಿಸ್ತೀನಿ" ಎಂದರು.

ನಾನು ಬಾಯಿ ತೆರೆಯುವ ಮೊದಲೇ ತನ್ವಿ ಫೋನ್ ಕಿತ್ತುಕೊಂಡಳು.

"ಹೇಳಲ್ಲ ಪಪ್ಪಾ. ನೀವೇ ಬಂದು ನೋಡಿ."